ಕರಾಟೆ ಬ್ಲ್ಯಾಕ್ ಬೆಲ್ಟ್ ಇದ್ದರೆ ಸಿನಿಮಾ ಫೈಟರ್ ಆಗಬಹುದಾ?

ನಿಮ್ಮದು ವಿರಾಜಪೇಟೆ, ಡಿಗ್ರಿ ಕೊನೆಯ ವರ್ಷ, ಕರಾಟೆಯಲ್ಲಿ ಬ್ಲ್ಯಾಕ್ ಬೆಲ್ಟ್. ಸಿನಿಮಾ ಫೈಟ್ ನಂಬಿಕೊಂಡು ಬದುಕಬಹುದಾ ಅಂತ ಕೇಳಿದ್ದೀರಿ. ಬದುಕಬಹುದು. ಆದರೆ ತೆರೆಯ ಹಿಂದಿನ ಕೆಲಸದ ಮೇಲೂ ಮೊದಲ ದಿನದಿಂದಲೇ ಕಣ್ಣಿಟ್ಟಿರಿ. ನಾನು ಬೆಂಗಳೂರಿನಲ್ಲಿ ಫೈಟರ್ ಆಗಿದ್ದವನು, ಈಗ ಗೋಣಿಕೊಪ್ಪದಲ್ಲಿ ಮಕ್ಕಳಿಗೆ ಕರಾಟೆ ಹೇಳಿಕೊಡುತ್ತೇನೆ.

ಮೊದಲು ಏಟು ತಿನ್ನೋದನ್ನು ಕಲಿಯಿರಿ. ನಮ್ಮ ಕೊಡಗಿನ ಸುಗ್ಗಿ ಹಬ್ಬ ಪುತ್ತರಿಯಲ್ಲಿ, ಊರ ಮಂದ್‌ನಲ್ಲಿ (ಬಯಲಿನಲ್ಲಿ) ಬೆತ್ತ ಹಿಡಿದು ಆಡುವ ಪರಿಯಕಳಿ ನೋಡಿರುತ್ತೀರಿ, ಅಲ್ವಾ? ಅಲ್ಲಿ ಬೆತ್ತ ಮೊಣಕಾಲಿನ ಕೆಳಗೆ ನಿಜವಾಗಿಯೇ ಬೀಳುತ್ತದೆ. ಸಿನಿಮಾದಲ್ಲಿ ಕೈ ಮುಖದ ಪಕ್ಕ ಹಾದು ಹೋಗುತ್ತದೆ ಅಷ್ಟೇ. ಕ್ಯಾಮೆರಾ ಎಲ್ಲಿದೆ ಅಂತ ತಿಳಿದು, ಸರಿಯಾದ ಟೈಮಿಂಗ್‌ಗೆ ತಲೆ ತಿರುಗಿಸಿ ಬೀಳುವವನೇ ಆ ಏಟಿಗೆ ಜೀವ ಕೊಡುವುದು. ಕ್ಲಾಸಿನಲ್ಲಿ ಕಲಿತ ಚುರುಕು ಪಂಚ್ ಕ್ಯಾಮೆರಾಗೆ ಕಾಣುವುದೇ ಇಲ್ಲ. ತೋಳು ಬಿಚ್ಚಿ, ದೊಡ್ಡದಾಗಿ ಬೀಸಬೇಕು. ಈ ಅಭ್ಯಾಸ ಬದಲಾಗಲು ಕರಾಟೆಯವರಿಗೆ ಸಮಯ ಜಾಸ್ತಿ ಬೇಕು.

ಸ್ಯಾಮೊ ಹಂಗ್ ಅವರನ್ನು ನೋಡಿ. ಹಾಂಗ್‌ಕಾಂಗ್‌ನ ಪೀಕಿಂಗ್ ಒಪೆರಾ (ಹಾಡಿನ ಜೊತೆ ಕಸರತ್ತೂ ಇರುವ ಚೀನೀ ರಂಗಕಲೆ) ಶಾಲೆಯಲ್ಲಿ ಜಾಕಿ ಚಾನ್ ಜೊತೆ ಲಾಗ ಹಾಕುತ್ತಾ ಬೆಳೆದವರು. 1973ರ ‘ಎಂಟರ್ ದ ಡ್ರ್ಯಾಗನ್’ ಶುರುವಿನಲ್ಲೇ ಬ್ರೂಸ್ ಲೀ ಎದುರು ಸೋಲುವ ದಪ್ಪ ಹುಡುಗ ಇವರೇ. 2008ರ ‘ಇಪ್ ಮ್ಯಾನ್’ ಚಿತ್ರದ ಫೈಟ್‌ಗಳನ್ನು ಕಂಪೋಸ್ ಮಾಡಿದವರೂ ಇವರೇ. ನಡುವೆ 35 ವರ್ಷ! ಒದೆಯುವ ಕಾಲಿಗೆ ಅಷ್ಟು ಆಯಸ್ಸಿಲ್ಲ, ಫೈಟ್ ಕಟ್ಟುವ ತಲೆಗೆ ಇದೆ. ನಮ್ಮಲ್ಲೂ ‘ಕೆಜಿಎಫ್’ ಮೊದಲ ಭಾಗದ ಸಾಹಸಕ್ಕೆ ವಿಕ್ರಮ್ ಮೋರ್‌ಗೂ ಅನ್ಬರಿವ್ ಎಂಬ ಅವಳಿ ಸೋದರರ ಜೋಡಿಗೂ 2018ರ ಸಾಲಿನ ರಾಷ್ಟ್ರಪ್ರಶಸ್ತಿ ಬಂತು. ಅವತ್ತು ನನಗಾದ ಖುಷಿ ಅಷ್ಟಿಷ್ಟಲ್ಲ.

ಡಿಗ್ರಿ ಮುಗಿಸಿಯೇ ಬೆಂಗಳೂರಿಗೆ ಹೋಗಿ. ದಿನಾ ಶೂಟಿಂಗ್ ಇರುವುದಿಲ್ಲ, ಬಾಡಿಗೆ ಮಾತ್ರ ಪ್ರತಿ ತಿಂಗಳು ಕಟ್ಟಬೇಕು. ಒಬ್ಬ ಫೈಟ್ ಮಾಸ್ಟರ್ ಹತ್ತಿರ ಸೇರಿಕೊಳ್ಳಿ. ನಿಮ್ಮ ಶಾಟ್ ಮುಗಿದ ಮೇಲೂ ಸುಮ್ನೆ ಕೂರಬೇಡಿ, ಮಾನಿಟರ್ ಹಿಂದೆ ನಿಂತು ನೋಡಿ. ಗೆಳೆಯರ ಜೊತೆ ಮೊಬೈಲ್‌ನಲ್ಲೇ ಸಣ್ಣ ಫೈಟ್ ತೆಗೆದು, ನೀವೇ ಎಡಿಟ್ ಮಾಡಿ. ಯಾವ ಏಟು ಎಲ್ಲಿ ಕಟ್ ಆಗಬೇಕು ಅನ್ನೋದು ಆಗ ತಿಳಿಯುತ್ತದೆ.

ಈಜು ಬರದಿದ್ದರೆ ಈಗಲೇ ಕಲಿಯಿರಿ. 2016ರಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯದಲ್ಲಿ ಶೂಟಿಂಗ್‌ಗಾಗಿ ಹೆಲಿಕಾಪ್ಟರ್‌ನಿಂದ ಜಿಗಿದ ಇಬ್ಬರು ಕನ್ನಡ ನಟರು ಮುಳುಗಿ ತೀರಿಕೊಂಡರು. ಅವರ ಮೈಮೇಲೆ ಲೈಫ್ ಜಾಕೆಟ್ ಇರಲಿಲ್ಲ. ಈಜು ಬಂದರೂ ಅಷ್ಟು ಎತ್ತರದಿಂದ ಬಿದ್ದಾಗ ಅದೊಂದೇ ಸಾಲದು. ರೋಪ್ ಯಾರ ಕೈಯಲ್ಲಿದೆ, ಕೆಳಗೆ ಬೆಡ್ ಹಾಕಿದ್ದಾರಾ, ನೀರಿನಲ್ಲಿ ಬೋಟ್ ಇದೆಯಾ, ಆಂಬುಲೆನ್ಸ್ ಬಂದಿದೆಯಾ ಅಂತ ಪ್ರತಿ ಸಲ ಕೇಳಿ. ಸರಿಯಾದ ಉತ್ತರ ಸಿಗದಿದ್ದರೆ, ಮಾಸ್ಟರ್ ಎಷ್ಟೇ ದೊಡ್ಡವರಾಗಿರಲಿ, ಆ ಶಾಟ್ ಮಾಡಲ್ಲ ಅನ್ನಿ.