ಹಳದಿ ಉಗುರೆಲ್ಲ ಫಂಗಸ್ ಅಲ್ಲ

ಪ್ರಶ್ನೆ: ಎರಡು ವರ್ಷದಿಂದ ಬಲಗಾಲಿನ ಹೆಬ್ಬೆರಳ ಉಗುರು ಹಳದಿಯಾಗಿ ದಪ್ಪಗಾಗಿದೆ. ಅಡಿಯಿಂದ ಪುಡಿ ಉದುರುತ್ತದೆ. ಮೂರು ತಿಂಗಳು ಮುಲಾಮು ಹಚ್ಚಿದರೂ ಗುಣವಿಲ್ಲ. ನೇರವಾಗಿ ಮಾತ್ರೆ ಶುರು ಮಾಡಬಹುದೇ?

ಉತ್ತರ: ಬೇಡ, ಮೊದಲು ಪರೀಕ್ಷೆಯಾಗಲಿ. ಕೆಟ್ಟು ಕಾಣುವ ಉಗುರುಗಳಲ್ಲಿ ಫಂಗಸ್‌ನಿಂದ ಕೆಟ್ಟವು ಸುಮಾರು ಅರ್ಧ ಮಾತ್ರ. ಸೋರಿಯಾಸಿಸ್ ಎಂಬ ಚರ್ಮರೋಗ, ಬಿಗಿ ಶೂಗಳ ಒತ್ತಡ, ಹಳೆಯ ಪೆಟ್ಟು ಇವೆಲ್ಲ ಉಗುರಿನಲ್ಲಿ ಇದೇ ರೂಪ ತಾಳುತ್ತವೆ. ಕೈ ಉಗುರುಗಳ ಮೇಲೆ ಸೂಜಿಮೊನೆಯಷ್ಟು ಸಣ್ಣ ಕುಳಿಗಳಿದ್ದರೆ ಸೋರಿಯಾಸಿಸ್ ಇರಬಹುದು. ಕಾಲ್ಬೆರಳ ಸಂದಿಯಲ್ಲಿ ಚರ್ಮ ಬಿರಿದು ಸುಲಿಯುತ್ತಿದ್ದರೆ ಫಂಗಸ್ ಅನುಮಾನ ಬಲವಾಗುತ್ತದೆ.

ಪರೀಕ್ಷೆ ಎಡವುವುದು ಹೆಚ್ಚಾಗಿ ಮಾದರಿ ತೆಗೆಯುವಲ್ಲೇ. ಉಗುರಿನ ತುದಿ ಕತ್ತರಿಸಿ ಕಳುಹಿಸಿದರೆ ಅದರಲ್ಲಿ ಜೀವಂತ ಫಂಗಸ್ ಇಲ್ಲದೇ ಹೋಗಬಹುದು. ಸ್ಪಿರಿಟ್‌ನಿಂದ ಒರೆಸಿ, ಎದ್ದಿರುವ ಭಾಗವನ್ನು ಕತ್ತರಿಸಿ ತೆಗೆದು, ಕೆಟ್ಟ ಭಾಗ ಒಳ್ಳೆಯ ಉಗುರನ್ನು ಸೇರುವ ಕಡೆಯವರೆಗೂ ಒಳಗೆ ಹೋಗಿ ಅಡಿಯ ಪುಡಿಯನ್ನು ಕೆರೆದು ತೆಗೆಯಬೇಕು. ಅದಕ್ಕೂ ಕನಿಷ್ಠ ಎರಡು ವಾರ ಮುಂಚೆ ಮುಲಾಮು ನಿಲ್ಲಿಸಿರಬೇಕು. ಪೊಟ್ಯಾಸಿಯಂ ಹೈಡ್ರಾಕ್ಸೈಡ್ ದ್ರಾವಣದಲ್ಲಿ ನೆನೆಸಿ ಸೂಕ್ಷ್ಮದರ್ಶಕದಲ್ಲಿ ನೋಡಿದರೆ ಫಂಗಸ್‌ನ ಎಳೆಗಳು ಅಂದೇ ಕಾಣಬಹುದು. ಮಾದರಿಯಿಂದ ಫಂಗಸ್ ಬೆಳೆಸಿ ನೋಡುವ ಕಲ್ಚರ್ ವರದಿಗೆ ನಾಲ್ಕು ವಾರದವರೆಗೆ ಕಾಯಬೇಕು. ಒಮ್ಮೆ ನೆಗೆಟಿವ್ ಬಂದಿತೆಂದು ಕೈಬಿಡಬೇಡಿ. ಅನುಮಾನ ಉಳಿದರೆ ಉಗುರಿನ ತುಣುಕಿಗೆ, ಫಂಗಸ್ ಎದ್ದು ಕಾಣಿಸುವ ಪಿಎಎಸ್ ಎಂಬ ಬಣ್ಣ ಹಾಕಿ ನೋಡಿಸಿ, ಫಂಗಸ್ ಇದ್ದರೆ ಅದರಲ್ಲಿ ಪತ್ತೆಯಾಗುವ ಸಾಧ್ಯತೆ ಹೆಚ್ಚು.

ಇನ್ನು ನಿಮ್ಮ ಮುಲಾಮು. ಚರ್ಮಕ್ಕೆಂದು ಮಾಡಿದ ಮುಲಾಮು ದಪ್ಪ ಉಗುರನ್ನು ದಾಟಿ ಕೆಳಗಿಳಿಯುವುದೇ ಇಲ್ಲ. ಅದರಲ್ಲಿ ಸ್ಟೀರಾಯ್ಡ್ ಬೆರೆತಿದೆಯೇ ಎಂದು ದಯವಿಟ್ಟು ನೋಡಿ. ಇದ್ದರೆ ಇಂದೇ ನಿಲ್ಲಿಸಿ. ಅದು ತುರಿಕೆಯನ್ನಷ್ಟೇ ತಗ್ಗಿಸಿ, ಸುತ್ತಲಿನ ಚರ್ಮದಲ್ಲಿ ಫಂಗಸ್ ಹಬ್ಬಲು ಬಿಡುತ್ತದೆ.

ಪ್ರಶ್ನೆ: ಫಂಗಸ್ ಎಂದು ಖಚಿತವಾದ ಮೇಲೆ ವೈದ್ಯರು ಟರ್ಬಿನಾಫಿನ್ ಎಂಬ ಫಂಗಸ್ ಮಾತ್ರೆ ಬರೆದರು. ಆರು ವಾರವಾದರೂ ಕಾಲಿನ ಉಗುರು ಹಾಗೇ ಇದೆ. ಲಿವರ್‌ಗೆ ತೊಂದರೆಯೆಂಬ ಭಯವೂ ಇದೆ. ಬಿಟ್ಟುಬಿಡಲೇ?

ಉತ್ತರ: ಬಿಡಬೇಡಿ. ಕೆಟ್ಟ ಉಗುರು ಸರಿಹೋಗುವುದಿಲ್ಲ. ಬುಡದಿಂದ ಹೊಸದು ಬಂದು ಹಳೆಯದನ್ನು ಮುಂದಕ್ಕೆ ತಳ್ಳಬೇಕು. ಕಾಲಿನ ಉಗುರು ತಿಂಗಳಿಗೆ ಬೆಳೆಯುವುದು 1ರಿಂದ 1.5 ಮಿಲಿಮೀಟರ್. ಹೆಬ್ಬೆರಳದು ಪೂರ್ತಿ ಬದಲಾಗಲು 12ರಿಂದ 18 ತಿಂಗಳು ಬೇಕು. ಮಾತ್ರೆಯ ಅವಧಿ ಮಾತ್ರ ದಿನಕ್ಕೆ 250 ಮಿಲಿಗ್ರಾಂನಂತೆ 12 ವಾರ, ಕೈ ಉಗುರಿಗಾದರೆ 6 ವಾರ. ನಿಲ್ಲಿಸಿದ ಮೇಲೂ ಔಷಧ ತಿಂಗಳುಗಟ್ಟಲೆ ಉಗುರಿನಲ್ಲಿ ಉಳಿದು ಕೆಲಸ ಮಾಡುತ್ತದೆ.

ಗುಣ ಕಾಣುತ್ತಿದೆಯೇ ಎಂದು ನೀವೇ ಅಳೆಯಬಹುದು. ಕೆಟ್ಟ ಭಾಗ ಮತ್ತು ಒಳ್ಳೆಯ ಉಗುರು ಸೇರುವ ಗೆರೆಯಲ್ಲಿ ನೇಲ್ ಫೈಲ್‌ನಿಂದ ತೆಳುವಾದ ಗೀರು ಹಾಕಿ. ಗೀರು ತುದಿಯತ್ತ ಸರಿಯುತ್ತಾ ಅದರ ಹಿಂದೆ ಬರುವ ಉಗುರು ತಿಳಿಗುಲಾಬಿಯಾಗಿದ್ದರೆ ಔಷಧ ಹಿಡಿದಿದೆ. ಹಳದಿ ಗೀರನ್ನು ದಾಟಿ ಬುಡದ ಕಡೆ ಹೋಗುತ್ತಿದ್ದರೆ ವೈದ್ಯರಿಗೆ ತಿಳಿಸಿ, ಮತ್ತೆ ಕಲ್ಚರ್ ಮಾಡಿಸಿ.

ಲಿವರ್‌ಗೆ ಗಂಭೀರ ಹಾನಿಯಾಗುವುದು ಅಪರೂಪ. ಆದರೂ ಮಾತ್ರೆಗೆ ಮುಂಚೆ ರಕ್ತಪರೀಕ್ಷೆ ಆಗಿರಬೇಕು, ಆಗದಿದ್ದರೆ ಈಗಲೇ ಮಾಡಿಸಿ. ಹಸಿವಾಗದಿರುವುದು, ಬಿಡದ ವಾಕರಿಕೆ, ಮೂತ್ರ ಕಪ್ಪಗಾಗುವುದು, ಕಣ್ಣು ಹಳದಿಯಾಗುವುದು ಕಂಡರೆ ಆ ದಿನವೇ ನಿಲ್ಲಿಸಿ ವೈದ್ಯರನ್ನು ಕಾಣಿ. ನಾಲಗೆಗೆ ರುಚಿ ತಿಳಿಯದಂತಾದರೂ ಹೇಳಿ.

ಪ್ರಶ್ನೆ: ಅಮ್ಮನಿಗೆ 68 ವರ್ಷ. ಸಕ್ಕರೆ ಕಾಯಿಲೆ, ಕೊಲೆಸ್ಟರಾಲ್‌ಗೆ ಸಿಮ್ವಾಸ್ಟಾಟಿನ್ ಮಾತ್ರೆ. ಒಂದು ಉಗುರಿನ ತುದಿ ಮಾತ್ರ ಕೆಟ್ಟಿದೆ. ಹಚ್ಚುವ ಔಷಧ ಸಾಕೇ?

ಉತ್ತರ: ಪರೀಕ್ಷೆಯಲ್ಲಿ ಫಂಗಸ್ ಎಂದು ಬಂದಿದ್ದು, ಅರ್ಧ ಉಗುರಿಗಿಂತ ಕಡಿಮೆ ಕೆಟ್ಟು ಬುಡ ಚೆನ್ನಾಗಿದ್ದರೆ ಸಾಕಾಗಬಹುದು. ಶೇ 5ರ ಅಮೊರಾಲ್ಫಿನ್ ನೇಲ್ ಲ್ಯಾಕರ್ (ನೇಲ್ ಪಾಲಿಶ್‌ನಂತೆ ಹಚ್ಚುವ ಫಂಗಸ್ ಔಷಧ) ವಾರಕ್ಕೆ ಒಂದೆರಡು ಸಲ: ಉಗುರಿನ ಮೇಲ್ಮೈಯನ್ನು ಫೈಲ್‌ನಿಂದ ಉಜ್ಜಿ, ಸ್ಪಿರಿಟ್‌ನಲ್ಲಿ ಒರೆಸಿ, ಇಡೀ ಉಗುರಿಗೆ ಹಚ್ಚಿ ಒಣಗಲು ಬಿಡಿ. ಇದು 9ರಿಂದ 12 ತಿಂಗಳ ಕೆಲಸ. ನಡುವೆ ಕೈಬಿಡುವುದರಿಂದಲೇ ಹೆಚ್ಚಿನವರಿಗೆ ಫಲ ಸಿಗುವುದಿಲ್ಲ. ಆ ಫೈಲ್‌ನ್ನು ಬೇರೆ ಉಗುರಿಗೆ ಮುಟ್ಟಿಸಬೇಡಿ.

ಫಂಗಸ್‌ಗೆ ಕೊಡುವ ಇನ್ನೊಂದು ಮಾತ್ರೆ ಇಟ್ರಾಕೊನಜೋಲ್ ಅವರಿಗೆ ಬೇಡ. ಸಿಮ್ವಾಸ್ಟಾಟಿನ್ ಜತೆ ಅದು ಸ್ನಾಯುಗಳಿಗೆ ಅಪಾಯಕಾರಿ. ಹೃದಯ ವೈಫಲ್ಯ ಇರುವವರಿಗೂ ಕೊಡಬಾರದು. ಪಾದದ ಸ್ಪರ್ಶಜ್ಞಾನ ಕಡಿಮೆಯಾಗಿದ್ದರೆ ಉಗುರನ್ನು ಉಜ್ಜುವುದು, ಕತ್ತರಿಸುವುದು ಅವರಿಂದ ಆಗಕೂಡದು, ತಿಳಿದವರೇ ಮಾಡಲಿ. ಬೆರಳ ಸಂದಿಯ ಬಿರುಕನ್ನು ಉಪೇಕ್ಷಿಸಬೇಡಿ. ಮಧುಮೇಹಿಗಳಲ್ಲಿ ಬ್ಯಾಕ್ಟೀರಿಯಾ ಅಲ್ಲಿಂದಲೇ ಒಳನುಗ್ಗಿ ಕಾಲು ಊದಿಕೊಳ್ಳುವುದುಂಟು. ಸ್ನಾನದ ನಂತರ ಸಂದಿಗಳನ್ನು ಒಣಗಿಸಿ, ಕಾಲುಚೀಲ ದಿನವೂ ಬದಲಿಸಿ.

ಪ್ರಶ್ನೆ: ಹೆಬ್ಬೆರಳ ಉಗುರಿನಲ್ಲಿ ಉದ್ದಕ್ಕೆ ಕಪ್ಪು ಗೆರೆ ಮೂಡಿದೆ. ಇದೂ ಫಂಗಸ್ಸೇ?

ಉತ್ತರ: ಇರಬಹುದು, ಆದರೆ ಹಾಗೆಂದುಕೊಂಡು ಸುಮ್ಮನಿರಬೇಡಿ. ಕಪ್ಪು ಮೈಬಣ್ಣದವರಲ್ಲಿ ಹಲವು ಉಗುರುಗಳಲ್ಲಿ ಇಂಥ ಗೆರೆಗಳಿರುವುದು ಸಾಮಾನ್ಯ, ಹೆಚ್ಚಾಗಿ ನಿರಪಾಯ. ಒಂದೇ ಉಗುರಿನಲ್ಲಿ ಹೊಸದಾಗಿ ಬಂದು ಅಗಲವಾಗುತ್ತಿರುವ, ಬುಡದ ಚರ್ಮಕ್ಕೂ ಕಪ್ಪು ಹರಡಿಸುವ ಗೆರೆ ಮೆಲನೋಮ ಎಂಬ ಕ್ಯಾನ್ಸರ್ ಆಗಿರಬಹುದು. ಫಂಗಸ್ ಔಷಧ ಹಚ್ಚುತ್ತಾ ಕಾಯದೆ ಈ ವಾರವೇ ಚರ್ಮರೋಗ ತಜ್ಞರಿಗೆ ತೋರಿಸಿ. ಬಯಾಪ್ಸಿ (ಸಣ್ಣ ತುಣುಕು ತೆಗೆದು ಪರೀಕ್ಷಿಸುವುದು) ಬೇಕೆಂದರೆ ಮಾಡಿಸಿಕೊಳ್ಳಿ.