ಪೋರ್ಚುಗೀಸರು ಊರು ಬಿಟ್ಟದ್ದು ಸಾಹಸಕ್ಕಲ್ಲ, ಹೊಟ್ಟೆಪಾಡಿಗೆ

ಪೋರ್ಚುಗೀಸರ ಬಗ್ಗೆ ನನಗೆ ಬರುವ ಪ್ರಶ್ನೆಗಳಲ್ಲಿ ಐದಾರು ಮಾತ್ರ ಮತ್ತೆ ಮತ್ತೆ ಬರುತ್ತವೆ. ಕೇಳುವವರು ಬೇರೆ ಬೇರೆ, ಅವುಗಳ ಹಿಂದಿರುವ ತಪ್ಪು ತಿಳಿವಳಿಕೆ ಒಂದೇ. ಒಬ್ಬೊಬ್ಬರಿಗೂ ಬರೆದು ಸಾಕಾಗಿದೆ, ಹಾಗಾಗಿ ಈ ಸಲ ಎಲ್ಲಕ್ಕೂ ಒಟ್ಟಿಗೆ ಉತ್ತರ. ವಾಸ್ಕೋ ಡ ಗಾಮ ಯಾರು, ಯಾವ ವರ್ಷ ಬಂದ ಅನ್ನೋದನ್ನೆಲ್ಲ ಇಲ್ಲಿ ಹೇಳುವುದಿಲ್ಲ. ಅದು ಶಾಲೆಯ ಪುಸ್ತಕದಲ್ಲೇ ಇದೆ.

ಪ್ರಶ್ನೆ: ಮೆಣಸಿನಕಾಯಿಯನ್ನು ನಮ್ಮ ದೇಶಕ್ಕೆ ತಂದದ್ದು ಪೋರ್ಚುಗೀಸರು ಅಂತಾರೆ, ನಿಜವಾ?

ನಿಜ. ಗೋಡಂಬಿ, ಪಪ್ಪಾಯಿ, ಅನಾನಸ್ಸು ಕೂಡ. ಎಲ್ಲವೂ ಅಮೆರಿಕ ಖಂಡದ ಬೆಳೆಗಳು.

ಪ್ರಶ್ನೆ: ಪೋರ್ಚುಗಲ್ ಕರ್ನಾಟಕದ ಅರ್ಧದಷ್ಟೂ ಇಲ್ಲ. ಆದರೂ ಬ್ರೆಜಿಲ್, ಫ್ರಾನ್ಸ್, ಕೆನಡಾ, ಅಮೆರಿಕ, ದಕ್ಷಿಣ ಆಫ್ರಿಕಾ, ಎಲ್ಲಿ ನೋಡಿದರೂ ಆ ಜನ ಇದ್ದಾರೆ. ಸಮುದ್ರ ಸಾಹಸ ಅವರ ರಕ್ತದಲ್ಲೇ ಇದೆ ಅಲ್ವಾ?

ಇಲ್ಲ. ನನಗೆ ಅತಿ ಜಾಸ್ತಿ ಸಿಟ್ಟು ಬರಿಸುವ ಪ್ರಶ್ನೆ ಇದು, ಅದಕ್ಕೇ ಇದಕ್ಕೆ ಉದ್ದವಾಗಿ ಉತ್ತರ ಕೊಡುತ್ತೇನೆ.

ಇಲ್ಲಿ ಎರಡು ಬೇರೆ ಬೇರೆ ಕಥೆಗಳು ಕಲಸಿಹೋಗಿವೆ. ಒಂದು ಸಾಮ್ರಾಜ್ಯದ ಕಥೆ. ಅದು 15 ಮತ್ತು 16ನೇ ಶತಮಾನದ್ದು, ರಾಜ, ಹಡಗು, ಫಿರಂಗಿ, ಕರಿಮೆಣಸಿನ ವ್ಯಾಪಾರ ಎಲ್ಲ ಅದರಲ್ಲಿ ಬರುತ್ತೆ. ಇನ್ನೊಂದು ವಲಸೆಯ ಕಥೆ. ಇವತ್ತು ಪ್ಯಾರಿಸ್ಸಿನಲ್ಲೋ ಟೊರಾಂಟೊದಲ್ಲೋ ನಿಮಗೆ ಸಿಗುವ ಪೋರ್ಚುಗೀಸರ ಮನೆತನಗಳು ಊರು ಬಿಟ್ಟದ್ದು ವಾಸ್ಕೋ ಡ ಗಾಮನ ಕಾಲದಲ್ಲಲ್ಲ, ಹೆಚ್ಚಿನವು 20ನೇ ಶತಮಾನದಲ್ಲಿ. ಹೋದವರಲ್ಲಿ ಬಹಳ ಮಂದಿ ಒಳನಾಡಿನ ರೈತರು, ಕೂಲಿಗಳು. ಹಡಗು ನಡೆಸುವುದಿರಲಿ, ಎಷ್ಟೋ ಜನ ಹೊರಡುವ ದಿನದವರೆಗೆ ಸಮುದ್ರವನ್ನೇ ಕಂಡಿರಲಿಲ್ಲ.

ಫ್ರಾನ್ಸ್ ವಿಷಯ ತಗೊಳ್ಳಿ. 1960ರ ದಶಕದಲ್ಲಿ ಪೋರ್ಚುಗಲ್ ಸಲಝಾರನ ಸರ್ವಾಧಿಕಾರದಲ್ಲಿತ್ತು. ಹಳ್ಳಿಗಳಲ್ಲಿ ಕೆಲಸ ಇರಲಿಲ್ಲ. 1961ರಲ್ಲಿ ಅಂಗೋಲದಲ್ಲಿ ಯುದ್ಧ ಶುರುವಾಯಿತು, ಆಮೇಲೆ ಗಿನಿ, ಮೊಜಾಂಬಿಕ್. ಹದಿಹರೆಯ ದಾಟಿದ ಹುಡುಗರನ್ನೆಲ್ಲ ಸೈನ್ಯಕ್ಕೆ ಎಳೆದು ಆಫ್ರಿಕಾಕ್ಕೆ ಕಳಿಸುತ್ತಿದ್ದರು. ಅನುಮತಿ ಇಲ್ಲದೆ ದೇಶ ಬಿಡುವುದು ಅಪರಾಧ. ಆದರೂ ಜನ ಬಿಟ್ಟರು, ರಾತ್ರಿ ಹೊತ್ತು, ನಡೆದುಕೊಂಡು, ಲಾರಿಯೊಳಗೆ ಅಡಗಿ, ಸ್ಪೇನ್ ಪೂರ್ತಿ ದಾಟಿ, ಪಿರನೀಸ್ ಬೆಟ್ಟ ಹತ್ತಿ ಇಳಿದು. ಗಡಿ ದಾಟಿಸುವ ದಲ್ಲಾಳಿಗಳಿಗೆ ದುಡ್ಡು ಕೊಡಬೇಕಿತ್ತು. ಮೋಸ ಹೋಗದಿರಲು ಜನ ಒಂದು ಉಪಾಯ ಮಾಡಿದ್ದರು. ಹೊರಡುವವನ ಫೋಟೊವನ್ನು ಎರಡಾಗಿ ಹರಿಯುವುದು, ಅರ್ಧ ಮನೆಯಲ್ಲಿ, ಇನ್ನರ್ಧ ಅವನ ಜೇಬಿನಲ್ಲಿ. ಫ್ರಾನ್ಸ್ ಮುಟ್ಟಿದ ಮೇಲೆ ಅವನು ತನ್ನ ತುಂಡನ್ನು ಊರಿಗೆ ಕಳಿಸುತ್ತಿದ್ದ. ಎರಡೂ ತುಂಡು ಕೂಡಿದರೆ ಮಾತ್ರ ಮನೆಯವರು ದಲ್ಲಾಳಿಗೆ ಬಾಕಿ ದುಡ್ಡು ಕೊಡುತ್ತಿದ್ದರು.

ಹಾಗೆ ಹೋದವರು ಪ್ಯಾರಿಸ್ ಹೊರವಲಯದ ಶಾಂಪಿನ್ಯಿಯ ಕೊಳಗೇರಿಯಲ್ಲಿ ತಗಡು, ಹಲಗೆ ಹೊಡೆದುಕೊಂಡು ಕೆಸರಿನಲ್ಲಿ ಬದುಕಿದರು. ಗಂಡಸರು ಕಟ್ಟಡ ಕೆಲಸಕ್ಕೆ, ಹೆಂಗಸರು ಮನೆಗೆಲಸಕ್ಕೆ, ಅಪಾರ್ಟ್‌ಮೆಂಟ್ ಕಾಯುವ ಕೆಲಸಕ್ಕೆ. 1975ರ ಹೊತ್ತಿಗೆ ಫ್ರಾನ್ಸಿನಲ್ಲಿ ಏಳು ಲಕ್ಷಕ್ಕೂ ಜಾಸ್ತಿ ಪೋರ್ಚುಗೀಸರಿದ್ದರು. ಆ ದೇಶದ ವಿದೇಶಿಯರಲ್ಲಿ ಅವರದೇ ದೊಡ್ಡ ಗುಂಪು. ಇತ್ತ 1960ರಿಂದ 1970ರ ನಡುವೆ ಪೋರ್ಚುಗಲ್ಲಿನ ಜನಸಂಖ್ಯೆ ಬೆಳೆಯುವ ಬದಲು ಇಳಿಯಿತು. ಯುದ್ಧಭೂಮಿಯಿಂದ ತಪ್ಪಿಸಿಕೊಳ್ಳಲು, ಮಕ್ಕಳ ಹೊಟ್ಟೆ ತುಂಬಿಸಲು ಬೆಟ್ಟ ದಾಟಿದವರ ಬಗ್ಗೆ "ರಕ್ತದಲ್ಲೇ ಸಾಹಸ ಇದೆ" ಅಂದುಬಿಟ್ಟರೆ ಅವರನ್ನು ಓಡಿಸಿದ ಸರ್ಕಾರದ ತಪ್ಪೆಲ್ಲ ಮುಚ್ಚಿಹೋಗುತ್ತೆ. ನನ್ನ ಸಿಟ್ಟಿಗೆ ಕಾರಣ ಇದೇ.

ಇದು 20ನೇ ಶತಮಾನದಲ್ಲಿ ಹೊಸದಾಗಿ ಹುಟ್ಟಿದ್ದೂ ಅಲ್ಲ. ಉತ್ತರದ ಮಿನ್ಯು ಪ್ರಾಂತ್ಯ ನೋಡಿ. ಮಳೆ ಚೆನ್ನಾಗಿದೆ, ಮಣ್ಣು ಚೆನ್ನಾಗಿದೆ, ಆದರೆ ಹಿಸ್ಸೆಯಾಗಿ ಹಿಸ್ಸೆಯಾಗಿ ಜಮೀನು ತುಂಡು ತುಂಡಾಗಿತ್ತು. 1690ರ ದಶಕದಲ್ಲಿ ಬ್ರೆಜಿಲ್‌ನ ಮಿನಾಸ್ ಜೆರೈಸ್‌ನಲ್ಲಿ ಚಿನ್ನ ಸಿಕ್ಕಿತು ಅನ್ನೋ ಸುದ್ದಿ ಬಂದದ್ದೇ ತಡ, ಊರೂರೇ ಖಾಲಿಯಾಗತೊಡಗಿ, ಕೊನೆಗೆ 1720ರಲ್ಲಿ ರಾಜನೇ ಕಾನೂನು ಮಾಡಿ ಬ್ರೆಜಿಲ್‌ಗೆ ಹೋಗುವವರನ್ನು ತಡೆಯಬೇಕಾಯಿತು. ಆದರೂ ಜನ ಹೋಗುವುದು ನಿಲ್ಲಲಿಲ್ಲ. 1888ರಲ್ಲಿ ಬ್ರೆಜಿಲ್‌ನಲ್ಲಿ ಗುಲಾಮಗಿರಿ ಮುಗಿದ ಮೇಲೆ ಕೂಲಿಗಳಿಗೆ ಬೇಡಿಕೆ ಹೆಚ್ಚಿತು, ಮುಂದಿನ ನಾಲ್ಕೈದು ದಶಕಗಳಲ್ಲಿ ಹತ್ತು ಲಕ್ಷಕ್ಕೂ ಮೀರಿ ಪೋರ್ಚುಗೀಸರು ಅಲ್ಲಿಗೆ ಹೋದರು. 1900ರ ಪೋರ್ಚುಗಲ್‌ನಲ್ಲಿ ನಾಲ್ವರಲ್ಲಿ ಸುಮಾರು ಮೂವರಿಗೆ ಓದು ಬರಹ ಗೊತ್ತಿರಲಿಲ್ಲ ಅನ್ನೋದನ್ನು ನೆನಪಿಡಿ. ಆ ಜನ ನಕ್ಷೆ ಓದಿ ಲೋಕ ಸುತ್ತಲು ಹೊರಟವರಲ್ಲ. ಅಂಗಡಿಯಲ್ಲಿ ಸಾಮಾನು ಹೊರಲು, ಬೇಕರಿಯಲ್ಲಿ ಹಿಟ್ಟು ನಾದಲು ಹೋದವರು. ಕೆಲವರು ದುಡ್ಡು ಮಾಡಿ ಮರಳಿ ಬಂದು ಅಂಗಳದಲ್ಲಿ ತಾಳೆ ಮರ ನೆಟ್ಟು ದೊಡ್ಡ ಬಂಗಲೆ ಕಟ್ಟಿಸಿದರು. ನಮ್ಮ ಕರಾವಳಿಯ ಗಲ್ಫ್ ದುಡ್ಡಿನ ಮನೆಗಳ ಹಾಗೆಯೇ, ಅವು ಊರ ತುಂಬ ಎದ್ದು ಕಾಣುತ್ತವೆ. ಹೋದವರೆಲ್ಲ ಗೆದ್ದರು ಅಂತ ಜನ ನಂಬಿದ್ದು ಆ ಮನೆಗಳನ್ನು ನೋಡಿಯೇ. ಸೋತವರು ಊರಿಗೆ ಬರಲೇ ಇಲ್ಲ, ಅವರ ಮನೆ ಎಲ್ಲಿಂದ ಕಾಣಬೇಕು?

ಅಟ್ಲಾಂಟಿಕ್ ಸಾಗರದಲ್ಲಿರುವ ಪೋರ್ಚುಗಲ್‌ನ ದ್ವೀಪಗಳದು ಬೇರೆ ದಾರಿ. ಅಸೋರೆಸ್ ದ್ವೀಪಗಳಿಗೆ 19ನೇ ಶತಮಾನದಲ್ಲಿ ಅಮೆರಿಕದ ತಿಮಿಂಗಿಲ ಬೇಟೆಯ ಹಡಗುಗಳು ಬಂದು ಅಲ್ಲಿನ ಹುಡುಗರನ್ನು ಕೆಲಸಕ್ಕೆ ಹತ್ತಿಸಿಕೊಳ್ಳುತ್ತಿದ್ದವು. ಅವರು ಮ್ಯಾಸಚೂಸೆಟ್ಸ್‌ನ ನ್ಯೂ ಬೆಡ್‌ಫರ್ಡ್‌ನಲ್ಲಿ ಇಳಿದು ಉಳಿದರು, ಹಿಂದೆ ಬಂದ ನೆಂಟರಿಷ್ಟರು ಫಾಲ್ ರಿವರ್‌ನ ಬಟ್ಟೆ ಗಿರಣಿಗಳಿಗೆ ಸೇರಿದರು. 1957ರಲ್ಲಿ ಫಯಾಲ್ ದ್ವೀಪದ ಕಪೆಲಿನ್ಯುಸ್ ಜ್ವಾಲಾಮುಖಿ ಸಿಡಿದು ಹೊಲ, ಮನೆ ಎಲ್ಲ ಬೂದಿಯಡಿ ಹೋದಾಗ ಅಮೆರಿಕ ಮರುವರ್ಷ ಅವರಿಗಾಗಿಯೇ ನಿರಾಶ್ರಿತರ ಕಾನೂನು ಮಾಡಿತು. ಅದನ್ನು ಮುಂದಿಟ್ಟವರಲ್ಲಿ ಆಗ ಸೆನೆಟರ್ ಆಗಿದ್ದ ಜಾನ್ ಎಫ್. ಕೆನಡಿ ಒಬ್ಬರು. ಮದೇರ ದ್ವೀಪದವರನ್ನು 1878ರಿಂದ ಹವಾಯಿಯ ಕಬ್ಬಿನ ತೋಟಗಳಿಗೆ ಕರೆದೊಯ್ದರು. ಅವರು ಒಯ್ದ ಪುಟ್ಟ ತಂತಿವಾದ್ಯವೇ ಅಲ್ಲಿ ಉಕುಲೆಲೆ ಆಯಿತು. ಅದೇ ಮದೇರದವರು ಆಮೇಲೆ ವೆನೆಜುವೆಲಾಕ್ಕೆ, ದಕ್ಷಿಣ ಆಫ್ರಿಕಾಕ್ಕೆ ಹೋಗಿ ತರಕಾರಿ ಅಂಗಡಿ, ಬೇಕರಿ ಇಟ್ಟರು. ಇವತ್ತಿಗೂ ಅಸೋರೆಸ್ ಮೂಲದವರು ಕ್ಯಾಲಿಫೋರ್ನಿಯಾದಲ್ಲಿ, ಟೊರಾಂಟೊದಲ್ಲಿ ಪವಿತ್ರಾತ್ಮದ ಹಬ್ಬ ಮಾಡುತ್ತಾರೆ. ಬೆಳ್ಳಿ ಕಿರೀಟದ ಮೆರವಣಿಗೆ, ಆಮೇಲೆ ಬಂದವರಿಗೆಲ್ಲ ರೊಟ್ಟಿ, ಮಾಂಸದ ಸಾರಿನ ಊಟ. ಯಾರನ್ನೂ ಹಸಿದು ಕಳಿಸಬಾರದು ಅನ್ನೋದು ಆ ಹಬ್ಬದ ನಿಯಮ. ಬರ, ಭೂಕಂಪ ಕಂಡ ಜನ ಉಳಿಸಿಕೊಂಡ ಆಚರಣೆ ಅದು. ಪೋರ್ಚುಗೀಸ್ ಸಂಸ್ಕೃತಿ ಅಂದರೆ ನನಗೆ ಮೊದಲು ನೆನಪಾಗೋದು ಇದು, ಲಿಸ್ಬನ್ನಿನ ಸ್ಮಾರಕಗಳಲ್ಲ.

ಸಾಹಸದ ಚಿತ್ರಕ್ಕೆ ಹೊಂದದ ಇನ್ನೂ ಎರಡು ವಿಷಯ ಹೇಳಲೇಬೇಕು. ಒಂದು, ಯಹೂದಿಗಳು. 1497ರಲ್ಲಿ ಬಲವಂತವಾಗಿ ಮತಾಂತರ ಮಾಡಿದರು. 1536ರಲ್ಲಿ ಇನ್‌ಕ್ವಿಸಿಷನ್, ಅಂದರೆ ಮತ ಬಿಟ್ಟು ನಡೆದವರನ್ನು ಹಿಡಿದು ಶಿಕ್ಷಿಸುವ ಚರ್ಚಿನ ನ್ಯಾಯಾಲಯ, ಬಂತು. ತಪ್ಪಿಸಿಕೊಂಡವರು ಆಮ್‌ಸ್ಟರ್‌ಡ್ಯಾಮ್, ಹ್ಯಾಂಬರ್ಗ್, ತುರ್ಕಿ ಸೇರಿದರು. ತತ್ತ್ವಜ್ಞಾನಿ ಸ್ಪಿನೋಜಾ ಅಂಥದೇ ಒಂದು ಮನೆಯ ಮಗ. ಗೋವಾಕ್ಕೆ ಬಂದು ಇಲ್ಲಿನ ಗಿಡಮೂಲಿಕೆಗಳ ಬಗ್ಗೆ ಪುಸ್ತಕ ಬರೆದ ವೈದ್ಯ ಗಾರ್ಸಿಯಾ ದ ಓರ್ತ ಕೂಡ ಯಹೂದಿ ಮೂಲದವನು. ಅವನು ಸತ್ತು ವರ್ಷಗಳಾದ ಮೇಲೆ, 1580ರಲ್ಲಿ, ಗೋವಾದ ಇನ್‌ಕ್ವಿಸಿಷನ್ ಅವನ ಮೂಳೆಗಳನ್ನು ಅಗೆದು ತೆಗೆಸಿ ಸುಡಿಸಿತು. ಎರಡು, ಪೋರ್ಚುಗೀಸ್ ಹಡಗುಗಳು ಸಾಗರ ದಾಟಿಸಿದ ಅತಿ ದೊಡ್ಡ ಜನಸಮೂಹ ಪೋರ್ಚುಗೀಸರದಲ್ಲ, ಆಫ್ರಿಕನ್ನರದು. ಬ್ರೆಜಿಲ್ ತೀರದಲ್ಲಿ ಜೀವಂತ ಇಳಿದ ಗುಲಾಮರೇ ಸುಮಾರು 48 ಲಕ್ಷ. ಪೋರ್ಚುಗೀಸರು ಲೋಕಕ್ಕೆಲ್ಲ ಹರಡಿದ್ದು ಎಷ್ಟು ಚೆಂದ ಅಂತ ಬರೆಯುವವರು ಈ ಲೆಕ್ಕವನ್ನು ಬಿಟ್ಟೇ ಬರೆಯುತ್ತಾರೆ.

ಪ್ರಶ್ನೆ: ಇಂಗ್ಲಿಷರಿಗಿಂತ ಪೋರ್ಚುಗೀಸರು ವಾಸಿ, ಸ್ಥಳೀಯರನ್ನು ಮದುವೆಯಾಗಿ ಬೆರೆತುಹೋದರು ಅಂತಾರಲ್ಲ?

ಇದು 1950ರ ದಶಕದಲ್ಲಿ ಸಲಝಾರನ ಸರ್ಕಾರ ಬೇಕಂತಲೇ ಬೆಳೆಸಿದ ಪ್ರಚಾರ. ಬ್ರೆಜಿಲ್‌ನ ಸಮಾಜಶಾಸ್ತ್ರಜ್ಞ ಗಿಲ್ಬರ್ಟೊ ಫ್ರೇರಿ ಹೇಳಿದ ವಾದವನ್ನು ಎತ್ತಿಕೊಂಡು ವಸಾಹತು ಉಳಿಸಿಕೊಳ್ಳಲು ಬಳಸಿದರು. ಅದೇ ಸರ್ಕಾರ ಅಂಗೋಲ, ಮೊಜಾಂಬಿಕ್‌ನ ಬಹುಪಾಲು ಕಪ್ಪು ಜನರಿಗೆ 1961ರವರೆಗೆ ಪೌರತ್ವವನ್ನೇ ಕೊಟ್ಟಿರಲಿಲ್ಲ, ಬಿಟ್ಟಿ ದುಡಿಮೆ ಮಾಡಿಸುತ್ತಿತ್ತು. ಯಾರು ವಾಸಿ ಅನ್ನೋ ಪ್ರಶ್ನೆಯನ್ನು ದಯವಿಟ್ಟು ಇನ್ನು ಕಳಿಸಬೇಡಿ.

ಪ್ರಶ್ನೆ: ಪೋರ್ಚುಗಲ್ಲಿನ ಫಾದೊ ಅನ್ನೋ ವಿಷಾದದ ಹಾಡು ನಾವಿಕರ ಹೆಂಡತಿಯರು ಹಡಗಿಗಾಗಿ ಕಾಯುತ್ತಾ ಹಾಡಿದ್ದಂತೆ?

ಸುಂದರ ಕಥೆ, ಅಷ್ಟೇ. ಫಾದೊ ಹುಟ್ಟಿದ್ದು 19ನೇ ಶತಮಾನದಲ್ಲಿ, ಲಿಸ್ಬನ್ನಿನ ಬಡ ಕೇರಿಗಳಲ್ಲಿ. ಪ್ರಸಿದ್ಧ ಫಾದೊ ಗಾಯಕಿ ಅಮಾಲಿಯಾ ರೊದ್ರಿಗೆಸ್ ಹಾಡಿರುವುದನ್ನು ಕೇಳಿ ನೋಡಿ.

ಪ್ರಶ್ನೆ: ನಾವು ಮಂಗಳೂರಿನ ಡಿಸೋಜ ಮನೆತನ. ನಮ್ಮದು ಪೋರ್ಚುಗೀಸ್ ರಕ್ತ ಅಂತ ಅಜ್ಜ ಹೇಳುತ್ತಿದ್ದರು. ಮೂಲ ಹುಡುಕೋದು ಹೇಗೆ?

ಹೆಸರು ಹಿಡಿದು ಹುಡುಕಿದರೆ ತಪ್ಪು ಕಡೆ ಹೋಗುತ್ತೀರಿ. ಗೋವಾದಲ್ಲಿ ದೀಕ್ಷಾಸ್ನಾನದ ಹೊತ್ತಿಗೆ ಪಾದ್ರಿಯದೋ, ಸಾಕ್ಷಿ ನಿಂತವರದೋ ಹೆಸರು ಕೊಡುತ್ತಿದ್ದರು. ಬ್ರೆಜಿಲ್‌ನಲ್ಲಿ ಎಷ್ಟೋ ಆಫ್ರಿಕನ್ ಗುಲಾಮರಿಗೆ ಸಿಲ್ವ, ಸಾಂತೋಸ್ ಅನ್ನೋ ಹೆಸರು ಬಂದದ್ದೂ ಹೀಗೆಯೇ, ರಕ್ತದಿಂದಲ್ಲ. ಗೋವಾಕ್ಕೆ ಬಂದ ಪೋರ್ಚುಗೀಸರೇ ಕಡಿಮೆ, ಅವರಲ್ಲಿ ಹೆಂಗಸರಂತೂ ತೀರಾ ಕಡಿಮೆ. ಎಷ್ಟು ಕಡಿಮೆ ಅಂದರೆ ಅನಾಥ ಹುಡುಗಿಯರನ್ನು ರಾಜನೇ ಲಿಸ್ಬನ್ನಿನಿಂದ ಹಡಗು ಹತ್ತಿಸಿ ಕಳಿಸುತ್ತಿದ್ದ.

ನಿಮ್ಮ ಹಿರಿಯರು ಹೆಚ್ಚಾಗಿ ಗೋವಾದಿಂದ ದಕ್ಷಿಣಕ್ಕೆ ಬಂದ ಕೊಂಕಣಿ ಜನ. ಕೆಳದಿ ನಾಯಕರ ಕಾಲದಲ್ಲಿ ಇಲ್ಲಿ ಬೇಸಾಯಕ್ಕೆ ಭೂಮಿ ಸಿಕ್ಕಿತು, ನೆಲೆ ನಿಂತರು. ಎಷ್ಟೋ ಮನೆಗಳಲ್ಲಿ ಪ್ರಭು, ಶೆಟ್, ಕಾಮತ್ ಅನ್ನೋ ಹಳೆಯ ಕುಲನಾಮ ಇನ್ನೂ ನೆನಪಿನಲ್ಲಿದೆ. ಮನೆಯ ಹಿರಿಯರನ್ನು ಕೇಳಿ, ಇಗರ್ಜಿಯ ದಾಖಲೆ ನೋಡಿ. ಆನ್‌ಲೈನಿನಲ್ಲಿ "ನಿಮ್ಮ ವಂಶದ ಲಾಂಛನ" ಅಂತ ಚೌಕಟ್ಟು ಹಾಕಿ ಮಾರುತ್ತಾರಲ್ಲ, ಅದಕ್ಕೆ ಒಂದು ರೂಪಾಯಿಯನ್ನೂ ಕೊಡಬೇಡಿ. ಲಾಂಛನವನ್ನು ರಾಜ ಕೊಡುತ್ತಿದ್ದದ್ದು ಒಂದೊಂದು ಮನೆತನಕ್ಕೆ, ಆ ಹೆಸರು ಇಟ್ಟುಕೊಂಡ ಎಲ್ಲರಿಗೂ ಅಲ್ಲ.

ಪ್ರಶ್ನೆ: ಪೋರ್ಚುಗೀಸ್ ಹೆಸರಿದ್ದರೆ ಪಾಸ್‌ಪೋರ್ಟ್ ಸಿಗುತ್ತೆ ಅಂತ ಏಜೆಂಟ್ ಹೇಳುತ್ತಿದ್ದಾರೆ. ಮುಂಗಡ ಕೊಡಲೇ?

ಕೊಡಬೇಡಿ. ಹೆಸರಿಗೂ ಪೌರತ್ವಕ್ಕೂ ಸಂಬಂಧವೇ ಇಲ್ಲ. ಅದು ನಿಂತಿರುವುದು ಪೋರ್ಚುಗೀಸ್ ಆಳ್ವಿಕೆ ಮುಗಿದ 1961ರ ಡಿಸೆಂಬರ್ 19ಕ್ಕೆ ಮೊದಲು ಗೋವಾ, ದಮನ್, ದಿಯುವಿನಲ್ಲಿ ಹುಟ್ಟಿದ್ದಕ್ಕೆ ದಾಖಲೆ ಇರುವುದರ ಮೇಲೆ. ಆ ದಾಖಲೆ ನಿಮ್ಮದೋ, ತಂದೆ ತಾಯಿಯದೋ, ಅಜ್ಜ ಅಜ್ಜಿಯದೋ ಇರಬೇಕು. ಅಜ್ಜ ಅಜ್ಜಿ ಮಂಗಳೂರಿನಲ್ಲಿ ಹುಟ್ಟಿದ್ದರೆ ಹೆಸರು ಏನೇ ಇರಲಿ, ಈ ದಾರಿ ನಿಮಗಿಲ್ಲ. ದಾಖಲೆ ಇದ್ದವರೂ ಆತುರ ಪಡಬೇಡಿ. ಭಾರತ ಎರಡು ಪೌರತ್ವ ಒಪ್ಪುವುದಿಲ್ಲ, ಅಲ್ಲಿನದು ತಗೊಂಡರೆ ಇಲ್ಲಿನದು ಹೋಗುತ್ತೆ, ಮತದಾನದ ಹಕ್ಕು, ಸರ್ಕಾರಿ ಕೆಲಸ, ಕೃಷಿ ಭೂಮಿ ಕೊಳ್ಳುವ ಅವಕಾಶ ಎಲ್ಲ ಅದರ ಜೊತೆಗೇ ಹೋಗುತ್ತೆ. ಇದನ್ನು ಯಾವ ಏಜೆಂಟೂ ಮೊದಲೇ ಹೇಳುವುದಿಲ್ಲ. ಪೋರ್ಚುಗಲ್‌ನ ನಿಯಮಗಳೂ ಆಗಾಗ ಬದಲಾಗುತ್ತವೆ. ಮೊದಲು ಜನನ ದಾಖಲೆಯ ಪ್ರತಿ ತೆಗೆಸಿ, ಪೌರತ್ವ ಕಾನೂನು ಬಲ್ಲ ವಕೀಲರಿಗೆ ತೋರಿಸಿ, ಅವರು ಬರಹದಲ್ಲಿ ಅಭಿಪ್ರಾಯ ಕೊಟ್ಟ ಮೇಲೆ ದುಡ್ಡಿನ ಮಾತು.