ಯುವ ಕ್ರೀಡಾಪಟುಗಳ ಮೇಲೆ ಡಾಕ್ಯುಮೆಂಟರಿ ಮಾಡೋಕೆ ಗೆಲ್ಲೋ ಹುಡುಗನ್ನ ಹೇಗೆ ಆರಿಸೋದು? ಇದರಲ್ಲಿ ಕೆರಿಯರ್ ಆಗುತ್ತಾ?

ಗೆಲ್ಲೋನು ಯಾರು ಅಂತ ಮೊದಲೇ ಗೊತ್ತಾಗ್ಬೇಕಾ ನಿಮಗೆ? ನಾನೂ ಹೀಗೇ ಶುರು ಮಾಡಿದ್ದು. 100 ಮೀಟರ್ ಓಡೋ 17 ವರ್ಷದ ಹುಡುಗ, ಕೋಚ್ "ಇವನೇ ನೋಡಿ" ಅಂದ್ರು, 11 ತಿಂಗಳು ಅವನ ಹಿಂದೆ ಬಿದ್ದೆ, ಬೆಳಿಗ್ಗೆ ಪ್ರಾಕ್ಟೀಸು, ಸಂಜೆ ಜಿಮ್ಮು, ಮಧ್ಯೆ ಬಸ್ಸಲ್ಲಿ ಬಾಯಿ ತೆರ್ಕೊಂಡು ನಿದ್ದೆ ಮಾಡೋದು, ಎಲ್ಲಾ ಶೂಟ್ ಆಯ್ತು. ಕೊನೆ ಸೀನ್ ನೋಟ್‌ಬುಕ್‌ನಲ್ಲಿ ಆಗ್ಲೇ ಬರೆದಿಟ್ಟಿದ್ದೆ: ಫೈನಲ್, ಎದೆ ಮುಂದೆ ಮಾಡಿ ಗೆರೆ ದಾಟ್ತಾನೆ.

ಫೈನಲ್ ದಿನ ಫಾಲ್ಸ್ ಸ್ಟಾರ್ಟ್, ಗನ್ ಸದ್ದಾಗೋಕೆ ಮುಂಚೆನೇ ಹೊರಟುಬಿಟ್ಟ. 2010ರಿಂದ ಒಂದೇ ಸಲಕ್ಕೆ ಔಟ್ ಅಲ್ವಾ, ಕೆಂಪು-ಕಪ್ಪು ಕಾರ್ಡ್ ತೋರಿಸಿದ್ರು, ಲೇನ್ ಬಿಟ್ಟು ಹೊರಗೆ ಬಂದ.

ನಾನು ಕ್ಯಾಮೆರಾ ಆಫ್ ಮಾಡ್ದೆ. ಬ್ಯಾಟರಿ ಮುಗೀತು ಅಂತಲ್ಲ, ಮೆಮರಿ ಕಾರ್ಡ್ ತುಂಬ್ತು ಅಂತಲ್ಲ, ಪಾಪ ಹುಡುಗ ಅಂತ ಮರ್ಯಾದೆಗೂ ಅಲ್ಲ (ಆಮೇಲೆ ಎಷ್ಟೋ ಜನರ ಹತ್ರ ಹಾಗಂತ ಹೇಳ್ಕೊಂಡು ತಿರುಗಿದೀನಿ, ಶುದ್ಧ ಸುಳ್ಳು). ನನ್ನ ಕಥೆ ಕೆಟ್ಟೋಯ್ತಲ್ಲ ಅಂತ ಆಫ್ ಮಾಡ್ದೆ. ಮಾಡಿ, ಫಿನಿಷ್ ಲೈನ್ ಹತ್ರ ಓಡಿ ಮತ್ತೆ ಆನ್ ಮಾಡಿ, ಹೆಸರೂ ಗೊತ್ತಿಲ್ದಿರೋ ಗೆದ್ದ ಹುಡುಗನ ಇಂಟರ್‌ವ್ಯೂ ತಗೊಂಡೆ. ಎಡಿಟ್‌ಗೆ ಕೂತಾಗ ನೋಡ್ತೀನಿ, ಗೆದ್ದವನ ಭುಜದ ಹಿಂದೆ, ಮಸುಕು ಮಸುಕಾಗಿ, ನನ್ನ ಹುಡುಗ ಹುಲ್ಲಿನ ಮೇಲೆ ಕೂತು ಸ್ಪೈಕ್ಸ್‌ನ, ಅಂದ್ರೆ ಓಟದ ಶೂನ, ಅಡಿಯ ಪಿನ್ ಒಂದೊಂದೇ ಕೀಲಿ ಹಾಕಿ ಬಿಚ್ತಿದಾನೆ. ಎದುರಿಗೆ ಚಿಕ್ಕ ಹುಡುಗನೊಬ್ಬ ಬೊಗಸೆ ಒಡ್ಡಿ ನಿಂತಿದಾನೆ, ಪಿನ್ನೆಲ್ಲ ಆ ಬೊಗಸೆಗೆ. 8 ಸೆಕೆಂಡ್ ಅಷ್ಟೇ. ಸೌಂಡೂ ಇಲ್ಲ, ಮೈಕ್ ಗೆದ್ದವನ ಬಾಯಿ ಹತ್ರ ಇತ್ತು.

ಫಿಲ್ಮ್ ನೋಡಿ ಅವನು ಹೇಳಿದ್ದು ಇಷ್ಟೇ: "ಅಣ್ಣ, ನಾನು ಅಲ್ಲೇ ಹಿಂದೆ ಇದ್ನಲ್ಲ."

ಅದಕ್ಕೇ ನಿಮ್ಮ ಪ್ರಶ್ನೆನೇ ಸರಿ ಇಲ್ಲ ಅಂತೀನಿ. ಗೆಲ್ಲೋನ್ನ ಆರಿಸೋಕೆ ನೀವೇನು ಸೆಲೆಕ್ಟರಾ? 1994ರ ಅಮೆರಿಕನ್ ಡಾಕ್ಯುಮೆಂಟರಿ ಹೂಪ್ ಡ್ರೀಮ್ಸ್ ನೋಡಿ, ಅರ್ಧ ಗಂಟೆ ಟಿವಿ ಪ್ರೋಗ್ರಾಮ್ ಅಂತ ಶುರುವಾಗಿ, ಇಬ್ಬರು ಬ್ಯಾಸ್ಕೆಟ್‌ಬಾಲ್ ಹುಡುಗರ ಹಿಂದೆ ವರ್ಷಗಟ್ಲೆ ಅಲೆದು ಸುಮಾರು 250 ಗಂಟೆ ಫುಟೇಜ್ ಆಯ್ತು, ಇಬ್ರಲ್ಲಿ ಒಬ್ಬನೂ ಎನ್‌ಬಿಎ (ಅಲ್ಲಿನ ದೊಡ್ಡ ಬ್ಯಾಸ್ಕೆಟ್‌ಬಾಲ್ ಲೀಗ್) ಆಡ್ಲಿಲ್ಲ. ಆದ್ರೂ ಹತ್ತತ್ರ ಮೂರು ಗಂಟೆ ಕೂತಲ್ಲಿಂದ ಏಳೋಕಾಗಲ್ಲ.

ನೀವು ಕ್ಯಾಮೆರಾ ಹಿಡ್ಕೊಂಡು ಪಕ್ಕದಲ್ಲಿ ಕೂತ್ರೂ ತನ್ನ ಪಾಡಿಗೆ ತಾನಿರೋ ಮಗು ಸಿಕ್ರೆ ಸಾಕು, ಮೆಡಲ್ ಬಿಡಿ. 18 ಆಗಿಲ್ಲ ಅಂದ್ರೆ ಅಪ್ಪ-ಅಮ್ಮನ ಸೈನ್ ಬೇಕೇ ಬೇಕು, ಆದ್ರೆ ಅಷ್ಟಕ್ಕೇ ಮುಗೀಲಿಲ್ಲ, ಮಗುನ್ನೂ ಪ್ರತಿ ಸಲ ಕೇಳ್ಬೇಕು. ಅದು ಬೇಡ ಅಂದ್ರೆ ಆಫ್ ಮಾಡಿ, ಅದು ಬೇರೆ ಆಫ್. ಕ್ಯಾಮೆರಾ ಯಾವುದಾದ್ರೂ ನಡಿಯುತ್ತೆ, ದುಡ್ಡು ಮೊದ್ಲು ಮೈಕ್‌ಗೆ ಹಾಕಿ.

ಕೆರಿಯರ್ ಅಂದ್ರಲ್ಲ, ಇವತ್ತಿಗೂ ನಾನು ಮದುವೆ ವಿಡಿಯೋ ಮಾಡ್ತೀನಿ, ಆ ದುಡ್ಡಲ್ಲೇ ಈಗಿನ ಫಿಲ್ಮ್ ನಡೀತಿದೆ. ಈಜೋ ಹುಡುಗಿ, ಮೂರು ವರ್ಷ ಆಯ್ತು, ಒಂದು ಮೆಡಲ್ಲೂ ಇಲ್ಲ. ಮೊನ್ನೆ ಈಜೋದೇ ಬಿಡ್ತೀನಿ ಅಂತ ಮನೇಲಿ ಜಗಳ, ಅವಳನ್ನ ಕೇಳಿ ಅದನ್ನೂ ಶೂಟ್ ಮಾಡ್ದೆ.